ಸೂಲಗಿತ್ತಿ ನರಸಮ್ಮ

ಸೂಲಗಿತ್ತಿ ನರಸಮ್ಮ (1920 – 25 ಡಿಸೆಂಬರ್ 2018) ತುಮಕೂರು ಜಿಲ್ಲೆ ಪಾವಗಡ ತಾಲ್ಲೂಕಿನ ಕೃಷ್ಣಾಪುರದವರು. ಸಾಂಪ್ರದಾಯಿಕ ಹೆರಿಗೆ ವಿದ್ಯೆಯಲ್ಲಿ ನುರಿತಿದ್ದ ಇವರು ಸುಮಾರು ಏಳು ದಶಕಗಳ ಅವಧಿಯಲ್ಲಿ 15,000ಕ್ಕೂ ಹೆಚ್ಚು ಹೆರಿಗೆಗಳನ್ನು ಹಣ ಪಡೆಯದೆ ಮಾಡಿಸಿದರೆಂದು ಪ್ರಸಿದ್ಧರಾಗಿದ್ದಾರೆ. ಅಕ್ಷರ ಕಲಿಯದಿದ್ದ ನರಸಮ್ಮನವರು ಈ ವಿದ್ಯೆಯನ್ನು ಅಜ್ಜಿಯಿಂದಲೂ ಊರಿಗೆ ಬಂದು ಹೋಗುತ್ತಿದ್ದ ಅಲೆಮಾರಿ ಸಮುದಾಯಗಳಿಂದಲೂ ಕಲಿತು, ಮುಂದೆ ಅನೇಕ ಮಹಿಳೆಯರಿಗೆ ಕಲಿಸಿದರು. 2014ರಲ್ಲಿ ತುಮಕೂರು ವಿಶ್ವವಿದ್ಯಾಲಯ ಇವರಿಗೆ ಗೌರವ ಡಾಕ್ಟರೇಟ್ ನೀಡಿತು. 2018ರಲ್ಲಿ ಭಾರತ ಸರ್ಕಾರದ ಪದ್ಮಶ್ರೀ ಪ್ರಶಸ್ತಿ ಲಭಿಸಿತು. ಗ್ರಾಮೀಣ ಮಹಿಳೆಯರ ಬಾಯ್ದೆರೆಯ ವೈದ್ಯಜ್ಞಾನ ಮತ್ತು ಆಧುನಿಕ ಆರೋಗ್ಯ ವ್ಯವಸ್ಥೆಯ ನಡುವಿನ ಸಂಬಂಧದ ಚರ್ಚೆಯಲ್ಲಿ ಇವರ ಬದುಕು ಮುಖ್ಯ ನಿದರ್ಶನವಾಗಿದೆ.

ಹೆಸರು

ಕನ್ನಡದಲ್ಲಿ ಸೂಲು ಎಂದರೆ ಬಸಿರು, ಹೆರಿಗೆ. ಹೆರಿಗೆ ಮಾಡಿಸುವ ಹೆಂಗಸು ಸೂಲಗಿತ್ತಿ. ತಮಿಳು ಮತ್ತು ತೆಲುಗು ಭಾಷೆಗಳಲ್ಲಿಯೂ ಇದೇ ಮೂಲದ ಪದಗಳು ಬಸಿರು ಎಂಬ ಅರ್ಥದಲ್ಲಿ ಬಳಕೆಯಲ್ಲಿವೆ. ನರಸಮ್ಮನವರ ಮನೆಮಾತಾದ ತೆಲುಗಿನಲ್ಲಿ ಸೂಲಗಿತ್ತಿಯನ್ನು ಮಂತ್ರಸಾನಿ ಎಂದು ಕರೆಯುತ್ತಾರೆ. ಹೆರಿಗೆ ಮಾಡಿಸುವವಳು ಔಷಧವನ್ನೂ ಆಚರಣೆಯನ್ನೂ ಒಟ್ಟಿಗೆ ಬಲ್ಲವಳು ಎಂಬ ಹಳೆಯ ನಂಬಿಕೆಯನ್ನು ಆ ಪದ ಸೂಚಿಸುತ್ತದೆ.

ವೃತ್ತಿಸೂಚಕವಾದ ಸೂಲಗಿತ್ತಿ ಎಂಬ ಪದ ಕಾಲಕ್ರಮೇಣ ನರಸಮ್ಮನವರ ಹೆಸರಿನ ಭಾಗವೇ ಆಯಿತು. ಪದ್ಮ ಪ್ರಶಸ್ತಿಗಳ ಅಧಿಕೃತ ಪಟ್ಟಿಯಲ್ಲಿಯೂ ಅವರ ಹೆಸರು ಸೂಲಗಿತ್ತಿ ನರಸಮ್ಮ ಎಂದೇ ದಾಖಲಾಗಿದೆ. ಹೆರಿಗೆಯ ಕೆಲಸವನ್ನು ಮೈಲಿಗೆಯೆಂದು ಭಾವಿಸಿ ಅದನ್ನು ಮಾಡುವವರನ್ನು ಅಂಚಿನಲ್ಲಿಟ್ಟಿದ್ದ ಸಮಾಜದಲ್ಲಿ ಆ ಕೆಲಸದ ಹೆಸರೇ ಗೌರವದ ಬಿರುದಾಗಿ ಬದಲಾದದ್ದು ಗಮನಾರ್ಹ.

ಹುಟ್ಟೂರಿನ ಪರಿಸರ

ಪಾವಗಡ ತಾಲ್ಲೂಕು ತುಮಕೂರು ಜಿಲ್ಲೆಯ ಈಶಾನ್ಯ ತುದಿಯಲ್ಲಿದೆ. ಇದರ ಬಹುಭಾಗವನ್ನು ಆಂಧ್ರಪ್ರದೇಶದ ನೆಲ ಸುತ್ತುವರಿದಿದೆ. ಕನ್ನಡ ಮತ್ತು ತೆಲುಗು ಎರಡೂ ಇಲ್ಲಿನ ಜನರ ಆಡುಮಾತು. ಮಳೆ ಕಡಿಮೆ. ನೆಲಗಡಲೆ ಮುಖ್ಯ ಬೆಳೆ. ಬರಗಾಲ ಮತ್ತು ಕುಡಿಯುವ ನೀರಿನಲ್ಲಿ ಫ್ಲೋರೈಡ್ ಅಂಶ ತಾಲ್ಲೂಕಿನ ಹಳೆಯ ಸಮಸ್ಯೆಗಳು. ನರಸಮ್ಮನವರು ಜನಿಸಿದ ಕಾಲಕ್ಕೆ ಈ ಪ್ರದೇಶ ಮೈಸೂರು ಸಂಸ್ಥಾನದ ಆಡಳಿತಕ್ಕೆ ಸೇರಿತ್ತು.

ತಾಲ್ಲೂಕಿನ ನಾಗಲಮಡಿಕೆ ಗ್ರಾಮ ಉತ್ತರ ಪಿನಾಕಿನಿ ನದಿಯ ದಡದಲ್ಲಿದೆ. ಅಲ್ಲಿನ ಸುಬ್ರಹ್ಮಣ್ಯ ದೇವಾಲಯವನ್ನು ಭಕ್ತರು ಅಂತ್ಯ ಸುಬ್ರಹ್ಮಣ್ಯವೆಂದು ಕರೆಯುತ್ತಾರೆ. ಕುಕ್ಕೆ ಆದಿ, ಘಾಟಿ ಮಧ್ಯ, ನಾಗಲಮಡಿಕೆ ಅಂತ್ಯ ಎಂಬುದು ರೂಢಿಯ ನಂಬಿಕೆ. ಸಂತಾನಭಾಗ್ಯಕ್ಕಾಗಿ ನಾಗನಿಗೆ ಹರಕೆ ಹೊರುವುದು, ನಾಗರಕಲ್ಲುಗಳನ್ನು ಪ್ರತಿಷ್ಠಾಪಿಸಿ ಹಾಲೆರೆಯುವುದು ದಕ್ಷಿಣ ಭಾರತದ ಬಹುತೇಕ ಕಡೆ ಇರುವ ಪದ್ಧತಿ. ಪಾವಗಡದ ಸೀಮೆಯಲ್ಲಿಯೂ ಮಗುವಿನ ಬರವು ಹರಕೆ, ದೇವರು ಮತ್ತು ಸೂಲಗಿತ್ತಿಯ ಕೈ ಇವುಗಳಿಗೆ ಸೇರಿದ ಸಂಗತಿಯಾಗಿತ್ತು. ವೈದ್ಯರು ಇದರೊಳಗೆ ಬಂದದ್ದು ಬಹಳ ತಡವಾಗಿ.

ಬಾಲ್ಯ ಮತ್ತು ವಿವಾಹ

ನರಸಮ್ಮನವರು 1920ರಲ್ಲಿ ಅಲೆಮಾರಿ ಬುಡಕಟ್ಟಿಗೆ ಸೇರಿದ ಕುಟುಂಬವೊಂದರಲ್ಲಿ ಜನಿಸಿದರು. ಕುಟುಂಬದಲ್ಲಿ ಓದುಬರಹ ಇರಲಿಲ್ಲ. ನರಸಮ್ಮನವರೂ ಶಾಲೆಯ ಮೆಟ್ಟಿಲು ಹತ್ತಲಿಲ್ಲ. 12ನೆಯ ವಯಸ್ಸಿನಲ್ಲಿ ಆಂಜಿನಪ್ಪ ಎಂಬುವರೊಂದಿಗೆ ಅವರ ವಿವಾಹವಾಯಿತು. ಆ ಕಾಲದ ಗ್ರಾಮೀಣ ಸಮಾಜದಲ್ಲಿ ಇದು ಅಪರೂಪದ ಸಂಗತಿಯಾಗಿರಲಿಲ್ಲ.

ದಂಪತಿಗಳಿಗೆ 12 ಮಕ್ಕಳು ಜನಿಸಿದರು. ಅವರಲ್ಲಿ ನಾಲ್ವರು ಚಿಕ್ಕ ವಯಸ್ಸಿನಲ್ಲಿಯೇ ತೀರಿಕೊಂಡರು. ಬಾಲ್ಯವಿವಾಹ, ಮೇಲಿಂದ ಮೇಲೆ ಹೆರಿಗೆ, ಎಳೆಯ ಮಕ್ಕಳ ಸಾವು ಇವೆಲ್ಲವನ್ನೂ ನರಸಮ್ಮನವರು ತಮ್ಮ ಮೈಯಲ್ಲಿಯೇ ಅನುಭವಿಸಿದ್ದರು. ಮುಂದೆ ಅವರು ಆರೈಕೆ ಮಾಡಿದ ಬಡ ಬಸುರಿಯರ ಬದುಕೂ ಇದಕ್ಕಿಂತ ಬೇರೆಯಾಗಿರಲಿಲ್ಲ.

ವಿದ್ಯೆಯ ಕಲಿಕೆ

ನರಸಮ್ಮನವರ ಮೊದಲ ಗುರು ಅವರ ಅಜ್ಜಿ ಮರಿಗೆಮ್ಮ. ಮರಿಗೆಮ್ಮನವರೂ ಸೂಲಗಿತ್ತಿಯಾಗಿದ್ದರು. ಮೊಮ್ಮಗಳ ಐದು ಹೆರಿಗೆಗಳನ್ನು ಅವರೇ ಮಾಡಿಸಿದರು. ಹೀಗಾಗಿ ನರಸಮ್ಮನವರು ಈ ವಿದ್ಯೆಯನ್ನು ಕಲಿತದ್ದು ಎರಡು ದಿಕ್ಕಿನಿಂದ. ಅಜ್ಜಿಯ ಪಕ್ಕದಲ್ಲಿ ಕುಳಿತು ನೋಡಿದ್ದು ಒಂದು, ಹೆರುವ ಹೆಂಗಸಾಗಿ ಅಜ್ಜಿಯ ಕೈಯ ಕೆಲಸವನ್ನು ಅನುಭವಿಸಿದ್ದು ಇನ್ನೊಂದು.

1940ರಲ್ಲಿ, ತಮ್ಮ 20ನೆಯ ವಯಸ್ಸಿನಲ್ಲಿ, ನರಸಮ್ಮನವರು ಹತ್ತಿರದ ಬಂಧುವೊಬ್ಬರ ಹೆರಿಗೆಗೆ ನೆರವಾದರು. ಇದೇ ಅವರ ಸೇವೆಯ ಆರಂಭವೆಂದು ಪರಿಗಣಿಸಲಾಗಿದೆ.

ಅವರ ಎರಡನೆಯ ಪಾಠಶಾಲೆ ಊರಿಗೆ ಬಂದು ಹೋಗುತ್ತಿದ್ದ ಅಲೆಮಾರಿಗಳ ಬಿಡಾರ. ಗಿಡಮೂಲಿಕೆಗಳ ಬಳಕೆಯನ್ನು ಬಲ್ಲ ಅಲೆಮಾರಿ ಗುಂಪುಗಳು ಕೃಷ್ಣಾಪುರಕ್ಕೆ ಬರುತ್ತಿದ್ದವು. ಬಸುರಿಯರಿಗೆ ಮತ್ತು ಬಾಣಂತಿಯರಿಗೆ ಕೊಡುವ ನಾಟಿ ಔಷಧಿಗಳನ್ನು ತಯಾರಿಸುವ ಕ್ರಮವನ್ನು ನರಸಮ್ಮನವರು ಅವರಿಂದ ಅರಿತರು. ಹೀಗೆ ಅವರ ವಿದ್ಯೆ ಒಂದೇ ಮನೆತನದ ಸ್ವತ್ತಾಗಿ ಉಳಿಯದೆ ಹಲವು ಸಮುದಾಯಗಳ ತಿಳಿವಳಿಕೆ ಕೂಡಿ ಬೆಳೆದದ್ದಾಯಿತು.

ಹೆರಿಗೆ ಸೇವೆ

ನರಸಮ್ಮನವರು ಸೇವೆ ಆರಂಭಿಸಿದಾಗ ಪಾವಗಡದ ಹಳ್ಳಿಗಳಿಗೆ ಆಸ್ಪತ್ರೆಯ ಸೌಲಭ್ಯ ಎಟುಕುತ್ತಿರಲಿಲ್ಲ. ರಸ್ತೆ ಮತ್ತು ವಾಹನಗಳು ವಿರಳವಾಗಿದ್ದ ಕಾಲದಲ್ಲಿ ಕಷ್ಟದ ಹೆರಿಗೆಗೂ ಸುಲಭದ ಹೆರಿಗೆಗೂ ಸೂಲಗಿತ್ತಿಯೇ ಆಸರೆಯಾಗಿದ್ದಳು. ಕರೆ ಬಂದಾಗ ಹೊತ್ತು ನೋಡದೆ ಹೋಗುವುದು ಈ ಕೆಲಸದ ಮೊದಲ ನಿಯಮ.

ಬಸುರಿಯ ಹೊಟ್ಟೆಯ ಮೇಲೆ ಕೈಯಿಟ್ಟು ಮಗುವಿನ ತಲೆ ಯಾವ ಕಡೆಗಿದೆ, ಮಗು ಹೇಗೆ ಮಲಗಿದೆ, ನಾಡಿ ಹೇಗಿದೆ ಎಂಬುದನ್ನು ಯಾವ ಉಪಕರಣದ ನೆರವೂ ಇಲ್ಲದೆ ತಿಳಿಯಬಲ್ಲವರೆಂದು ನರಸಮ್ಮನವರು ಹೆಸರಾಗಿದ್ದರು. ಕೈಯಿಂದ ಹೊಟ್ಟೆಯನ್ನು ಮುಟ್ಟಿ ಮಗುವಿನ ಭಂಗಿಯನ್ನು ಗುರುತಿಸುವ ಕ್ರಮ ಆಧುನಿಕ ಪ್ರಸೂತಿ ವಿಜ್ಞಾನದಲ್ಲಿಯೂ ಇದೆ. ವೈದ್ಯಕೀಯ ವಿದ್ಯಾರ್ಥಿಗಳು ಅದನ್ನು ಕ್ರಮಬದ್ಧವಾಗಿ ಕಲಿಯುತ್ತಾರೆ. ನರಸಮ್ಮನವರಿಗೆ ಆ ತಿಳಿವು ಬಂದದ್ದು ಸಾವಿರಾರು ಬಸುರಿಯರನ್ನು ಮುಟ್ಟಿ ನೋಡಿದ ಅಭ್ಯಾಸದಿಂದ.

ಅವರು ಮಾಡಿಸಿದ ಹೆರಿಗೆಗಳ ಸಂಖ್ಯೆ 15,000ವನ್ನು ಮೀರುತ್ತದೆ ಎಂದು ಅವರಿಗೆ ಗೌರವ ಸಲ್ಲಿಸಿದ ಸಂಸ್ಥೆಗಳು ಉಲ್ಲೇಖಿಸಿವೆ. 70 ವರ್ಷಗಳಿಗೆ ಹಂಚಿದರೆ ಇದು ವರ್ಷಕ್ಕೆ 200ಕ್ಕಿಂತ ಹೆಚ್ಚು, ಅಂದರೆ ವಾರಕ್ಕೆ ಸರಾಸರಿ ನಾಲ್ಕು ಹೆರಿಗೆ. ಒಂದೇ ಊರಿನಲ್ಲಿ ಇಷ್ಟು ಹೆರಿಗೆಗಳು ಆಗಲಾರವು. ಸುತ್ತಲಿನ ಹಳ್ಳಿಗಳೆಲ್ಲ ಅವರ ಕೈಯನ್ನು ನಂಬಿದ್ದವು ಎಂಬುದಕ್ಕೆ ಈ ಲೆಕ್ಕವೇ ಸಾಕ್ಷಿ.

ಈ ಸೇವೆಗೆ ನರಸಮ್ಮನವರು ಸಂಭಾವನೆ ಕೇಳುತ್ತಿರಲಿಲ್ಲ. ಸೂಲಗಿತ್ತಿಗೆ ಮೊರದಲ್ಲಿ ಅಕ್ಕಿ, ಎಲೆ ಅಡಿಕೆ, ಅನುಕೂಲವಿದ್ದವರು ಸೀರೆ ಅಥವಾ ಕುಪ್ಪಸ ಕೊಟ್ಟು ಕಳುಹಿಸುವುದು ಬಯಲುಸೀಮೆಯ ವಾಡಿಕೆ. ಕೂಲಿ ಮಾಡಿ ಬದುಕುವ ಕುಟುಂಬಗಳಲ್ಲಿ ಅದೂ ಸಾಧ್ಯವಾಗದ ಸಂದರ್ಭಗಳಿರುತ್ತಿದ್ದವು. ಕೊಡಲಾಗದ ಮನೆಗೂ ಕೊಡಬಲ್ಲ ಮನೆಗೂ ಒಂದೇ ಬಗೆಯ ಆರೈಕೆ ಸಿಕ್ಕಿತೆಂಬುದೇ ನರಸಮ್ಮನವರ ಹೆಸರು ಉಳಿಯಲು ಮುಖ್ಯ ಕಾರಣ.

ಸೂಲಗಿತ್ತಿ ಪರಂಪರೆಯ ಆಚರಣೆಗಳು

ನರಸಮ್ಮನವರು ಪ್ರತಿನಿಧಿಸಿದ ಪರಂಪರೆಯಲ್ಲಿ ಚಿಕಿತ್ಸೆ ಮತ್ತು ಆಚರಣೆಗಳ ನಡುವೆ ಗೆರೆ ಎಳೆಯುವುದು ಕಷ್ಟ. ಬಯಲುಸೀಮೆಯ ಹಳ್ಳಿಗಳಲ್ಲಿ ಸೂಲಗಿತ್ತಿಯ ಹೊಣೆ ಹೆರಿಗೆಯೊಂದಿಗೆ ಮುಗಿಯುತ್ತಿರಲಿಲ್ಲ. ನೋವು ಕಾಣಿಸಿಕೊಂಡಾಗ ಬಸುರಿಯ ಜೊತೆಗಿದ್ದು ಧೈರ್ಯ ಹೇಳುವುದು, ನಡೆದಾಡಿಸುವುದು, ಬೆನ್ನು ಸೊಂಟಗಳಿಗೆ ಎಣ್ಣೆ ನೀವುವುದು, ಹೆರಿಗೆಯ ನಂತರ ಮಾಸು ಪೂರ್ತಿ ಹೊರಬಂದಿದೆಯೇ ಎಂದು ನೋಡುವುದು, ಹೊಕ್ಕುಳಬಳ್ಳಿಯನ್ನು ಕಟ್ಟಿ ಕತ್ತರಿಸುವುದು ಆಕೆಯ ಕೆಲಸಗಳು. ಮಾಸನ್ನು ಗೊತ್ತಾದ ಸ್ಥಳದಲ್ಲಿ ಹೂಳುವುದಕ್ಕೂ ನಿಯಮವಿರುತ್ತಿತ್ತು.

ಮುಂದಿನ ದಿನಗಳಲ್ಲಿ ಬಾಣಂತಿಗೆ ಬಿಸಿನೀರಿನ ಸ್ನಾನ, ಸಾಂಬ್ರಾಣಿ ಹೊಗೆ, ಪಥ್ಯದ ಊಟ, ಮಗುವಿಗೆ ಎಣ್ಣೆ ಸ್ನಾನ ನಡೆಯುತ್ತವೆ. ದೃಷ್ಟಿ ತೆಗೆಯುವುದು, ಪುರುಡು ಕಳೆಯುವುದು, ತೊಟ್ಟಿಲಿಗೆ ಹಾಕುವುದು ಇವೆಲ್ಲ ಮಗುವನ್ನು ಕುಟುಂಬಕ್ಕೂ ಊರಿಗೂ ಸೇರಿಸಿಕೊಳ್ಳುವ ವಿಧಿಗಳು. ಮಗುವನ್ನು ಮೊದಲು ಮುಟ್ಟಿದವಳೆಂಬ ಕಾರಣದಿಂದ ಈ ವಿಧಿಗಳಲ್ಲಿ ಸೂಲಗಿತ್ತಿಗೆ ಸ್ಥಾನವಿತ್ತು. ಬೇರೆ ದಿನಗಳಲ್ಲಿ ಹೊರಗೆ ನಿಲ್ಲಿಸುವ ಮನೆಗಳೂ ಹೆರಿಗೆಯ ದಿನ ಆಕೆಯನ್ನು ಒಳಗೆ ಕರೆಯುತ್ತಿದ್ದವು. ಜಾತಿಯ ಕಟ್ಟುಪಾಡುಗಳು ಹೆರಿಗೆ ಕೋಣೆಯ ಬಾಗಿಲಲ್ಲಿ ಕೆಲಕಾಲ ಸಡಿಲವಾಗಿ, ಪುರುಡು ಕಳೆದ ಮೇಲೆ ಮತ್ತೆ ಬಿಗಿಯಾಗುತ್ತಿದ್ದವು.

ಈ ಆಚರಣೆಗಳೆಲ್ಲವೂ ತಾಯಿ ಮಗುವಿಗೆ ಹಿತವಾದವುಗಳಲ್ಲ. ಮೊದಲ ದಿನದ ಹಾಲನ್ನು ಮಗುವಿಗೆ ಕೊಡದೆ ಚೆಲ್ಲುವುದು, ಬಾಣಂತಿಗೆ ನೀರು ಕಡಿಮೆ ಕೊಡುವುದು, ಶುಚಿಯಿಲ್ಲದ ಕುಡುಗೋಲು ಅಥವಾ ಬ್ಲೇಡಿನಿಂದ ಹೊಕ್ಕುಳಬಳ್ಳಿ ಕತ್ತರಿಸುವುದು ಹಲವು ಕಡೆ ಬಳಕೆಯಲ್ಲಿದ್ದವು. ಹೀಗೆ ಕತ್ತರಿಸಿದಾಗ ನವಜಾತ ಶಿಶುವಿಗೆ ಧನುರ್ವಾಯು ತಗಲುವ ಅಪಾಯವಿತ್ತು. ತುಮಕೂರು ಮತ್ತು ಚಿತ್ರದುರ್ಗ ಜಿಲ್ಲೆಗಳ ಕಾಡುಗೊಲ್ಲರ ಹಟ್ಟಿಗಳಲ್ಲಿ ಬಾಣಂತಿ ಮತ್ತು ಹಸುಗೂಸನ್ನು ಸೂತಕದ ಕಾರಣಕ್ಕೆ ಹಟ್ಟಿಯ ಹೊರಗಿನ ಗುಡಿಸಲಿನಲ್ಲಿ ಇರಿಸುವ ಪದ್ಧತಿಯೂ ಇದೆ. ಮಳೆ ಚಳಿಯಲ್ಲಿ ಇದು ಮಗುವಿನ ಜೀವಕ್ಕೆ ಅಪಾಯಕಾರಿ. ಇದರ ವಿರುದ್ಧ ಸರ್ಕಾರವೂ ಸಮುದಾಯದೊಳಗಿನ ಸುಧಾರಕರೂ ಜಾಗೃತಿ ಮೂಡಿಸುತ್ತ ಬಂದಿದ್ದಾರೆ. ಆದ್ದರಿಂದ ಸೂಲಗಿತ್ತಿ ಪರಂಪರೆಯನ್ನು ಪರಿಶೀಲಿಸುವಾಗ ಕೈಯ ಕೌಶಲವನ್ನೂ ಸಮಾಜ ಹೇರಿದ ಕಟ್ಟಳೆಯನ್ನೂ ಬೇರ್ಪಡಿಸಿ ನೋಡುವುದು ಅಗತ್ಯ.

ಶಿಷ್ಯೆಯರು

ಸಾಂಪ್ರದಾಯಿಕ ವೈದ್ಯದಲ್ಲಿ ಔಷಧದ ಗುಟ್ಟನ್ನು ಹೊರಗೆ ಹೇಳಿದರೆ ಅದರ ಗುಣ ಹೋಗುತ್ತದೆಂಬ ನಂಬಿಕೆ ಅನೇಕರಲ್ಲಿದೆ. ಹೀಗಾಗಿ ಎಷ್ಟೋ ತಿಳಿವಳಿಕೆ ಬಲ್ಲವರೊಂದಿಗೇ ಮಣ್ಣಾಗಿದೆ. ನರಸಮ್ಮನವರು ಈ ದಾರಿಯನ್ನು ಹಿಡಿಯಲಿಲ್ಲ. ತಾವು ಕಲಿತದ್ದನ್ನು ಇತರ ಮಹಿಳೆಯರಿಗೆ ಕಲಿಸಿದರು. ಅವರಿಂದ ತರಬೇತಿ ಪಡೆದವರ ಸಂಖ್ಯೆ 180 ಎಂದು ಹೇಳಲಾಗುತ್ತದೆ.

ಅವರು ಯಾವ ಪುಸ್ತಕವನ್ನೂ ಬರೆಯಲಿಲ್ಲ. ಹೆರಿಗೆಗಳ ದಾಖಲೆ ಪುಸ್ತಕವನ್ನು ಇಡುವುದೂ ಅವರ ಪದ್ಧತಿಯಾಗಿರಲಿಲ್ಲ. ಅವರ ವಿದ್ಯೆ ಉಳಿದದ್ದು ಶಿಷ್ಯೆಯರ ಕೈಗಳಲ್ಲಿ ಮತ್ತು ಅವರು ಹೆರಿಗೆ ಮಾಡಿಸಿದ ಮನೆಗಳ ನೆನಪಿನಲ್ಲಿ.

ಆಸ್ಪತ್ರೆ ಹೆರಿಗೆಯ ಕಾಲ

ಸೂಲಗಿತ್ತಿಯರನ್ನು ಆಧುನಿಕ ವ್ಯವಸ್ಥೆಯೊಂದಿಗೆ ಜೋಡಿಸುವ ಪ್ರಯತ್ನಗಳು ಭಾರತದಲ್ಲಿ ನರಸಮ್ಮನವರ ಜನನಕ್ಕಿಂತ ಮೊದಲೇ ಆರಂಭವಾಗಿದ್ದವು. 1903ರಲ್ಲಿ ಲೇಡಿ ಕರ್ಜನ್ ಸ್ಥಾಪಿಸಿದ ವಿಕ್ಟೋರಿಯಾ ಸ್ಮಾರಕ ವಿದ್ಯಾರ್ಥಿವೇತನ ನಿಧಿಯ ಉದ್ದೇಶ ದಾಯಿಯರಿಗೆ ತರಬೇತಿ ಕೊಡುವುದಾಗಿತ್ತು. ಸ್ವಾತಂತ್ರ್ಯಾನಂತರ ಸರ್ಕಾರ ದೇಶದಾದ್ಯಂತ ದಾಯಿ ತರಬೇತಿ ಕಾರ್ಯಕ್ರಮಗಳನ್ನು ನಡೆಸಿತು. ಶುಚಿಯಾದ ಕೈ, ಶುಚಿಯಾದ ಹಾಸು, ಶುಚಿಯಾದ ಬ್ಲೇಡು, ಶುಚಿಯಾದ ದಾರ ಮತ್ತು ಹೊಕ್ಕುಳ ಕುಡಿಯ ಶುಚಿತ್ವ ಎಂಬ ಐದು ನಿಯಮಗಳು ಈ ತರಬೇತಿಯ ತಿರುಳಾಗಿದ್ದವು.

2005ರಲ್ಲಿ ರಾಷ್ಟ್ರೀಯ ಗ್ರಾಮೀಣ ಆರೋಗ್ಯ ಅಭಿಯಾನ ಮತ್ತು ಜನನಿ ಸುರಕ್ಷಾ ಯೋಜನೆ ಜಾರಿಗೆ ಬಂದ ಮೇಲೆ ನೀತಿ ಬದಲಾಯಿತು. ದಾಯಿಯರಿಗೆ ತರಬೇತಿ ಕೊಡುವ ಬದಲು ಬಸುರಿಯರನ್ನು ಆಸ್ಪತ್ರೆಗೆ ಕರೆತರುವುದು ಗುರಿಯಾಯಿತು. ಆಸ್ಪತ್ರೆಯಲ್ಲಿ ಹೆರಿಗೆಯಾದ ಬಡ ಮಹಿಳೆಯರಿಗೆ ನಗದು ನೆರವು ದೊರೆಯಿತು. ಹಳ್ಳಿಗಳಲ್ಲಿ ಆಶಾ ಕಾರ್ಯಕರ್ತೆಯರು ನೇಮಕಗೊಂಡರು.

ಇದರ ಫಲ ಬೇಗನೆ ಕಂಡುಬಂತು. ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಗಳ ಪ್ರಕಾರ ಕರ್ನಾಟಕದಲ್ಲಿ ಆಸ್ಪತ್ರೆ ಹೆರಿಗೆಗಳ ಪ್ರಮಾಣ 2005-06ರಲ್ಲಿ ಸುಮಾರು ಶೇಕಡಾ 65 ಇದ್ದದ್ದು 2015-16ರಲ್ಲಿ ಸುಮಾರು ಶೇಕಡಾ 94ಕ್ಕೆ ಏರಿತು. ರಾಜ್ಯದ ತಾಯಂದಿರ ಮರಣ ಪ್ರಮಾಣ 2004-06ರ ಅವಧಿಯಲ್ಲಿ ಒಂದು ಲಕ್ಷ ಜೀವಂತ ಜನನಗಳಿಗೆ 213 ಇದ್ದು, 2016-18ರ ಹೊತ್ತಿಗೆ 92ಕ್ಕೆ ಇಳಿಯಿತು. ಭಾರತವು ತಾಯಿ ಮತ್ತು ನವಜಾತ ಶಿಶುಗಳ ಧನುರ್ವಾಯುವನ್ನು ನಿರ್ಮೂಲನ ಮಾಡಿದೆಯೆಂದು 2015ರಲ್ಲಿ ವಿಶ್ವ ಆರೋಗ್ಯ ಸಂಸ್ಥೆ ದೃಢಪಡಿಸಿತು. ರಕ್ತಸ್ರಾವ, ನಂಜು, ಅಡ್ಡಬಿದ್ದ ಮಗು ಮೊದಲಾದ ತೊಡಕುಗಳು ಎದುರಾದಾಗ ರಕ್ತ ಕೊಡುವುದು, ಶಸ್ತ್ರಚಿಕಿತ್ಸೆ ಮಾಡುವುದು ಆಸ್ಪತ್ರೆಗೆ ಮಾತ್ರ ಸಾಧ್ಯ. ಎಷ್ಟೇ ನುರಿತ ಸೂಲಗಿತ್ತಿಗೂ ಇದು ಮೀರಲಾಗದ ಗಡಿ.

ಇದೇ ಬದಲಾವಣೆಯಿಂದ ಸೂಲಗಿತ್ತಿಯ ವೃತ್ತಿ ಒಂದು ತಲೆಮಾರಿನೊಳಗೆ ಮರೆಯಾಗತೊಡಗಿತು. ನರಸಮ್ಮನವರಿಗೆ ರಾಜ್ಯ ಮತ್ತು ರಾಷ್ಟ್ರ ಮಟ್ಟದ ಪ್ರಶಸ್ತಿಗಳು ಬಂದದ್ದು 2012ರಿಂದ ಈಚೆಗೆ. ಅವರ ವಿದ್ಯೆ ಹಳ್ಳಿಗಳಿಗೆ ಅನಿವಾರ್ಯವಾಗಿದ್ದ ದಶಕಗಳಲ್ಲಿ ಅದನ್ನು ಹೊರಗಿನವರು ಗುರುತಿಸಲಿಲ್ಲ. ಗುರುತಿಸುವ ಹೊತ್ತಿಗೆ ಮನೆಯ ಹೆರಿಗೆಯೇ ಅಪರೂಪವಾಗಿತ್ತು.

ಇತರ ದೇಶಗಳಲ್ಲಿ ಸಾಂಪ್ರದಾಯಿಕ ಹೆರಿಗೆ ವಿದ್ಯೆ

ನರಸಮ್ಮನವರ ಬದುಕು ಎತ್ತುವ ಪ್ರಶ್ನೆ ಭಾರತಕ್ಕೆ ಸೀಮಿತವಲ್ಲ. 1978ರಲ್ಲಿ ಅಂದಿನ ಸೋವಿಯತ್ ಒಕ್ಕೂಟದ ಆಲ್ಮಾ ಆಟಾ ನಗರದಲ್ಲಿ ನಡೆದ ಪ್ರಾಥಮಿಕ ಆರೋಗ್ಯದ ಸಮ್ಮೇಳನ, ಅಗತ್ಯವಿರುವೆಡೆ ಸಾಂಪ್ರದಾಯಿಕ ವೈದ್ಯರನ್ನೂ ಆರೋಗ್ಯ ಸೇವೆಯೊಳಗೆ ಸೇರಿಸಿಕೊಳ್ಳಬೇಕೆಂದು ಸಾರಿತು. ಮುಂದಿನ ವರ್ಷಗಳಲ್ಲಿ ಏಷ್ಯಾ ಮತ್ತು ಆಫ್ರಿಕಾದ ಅನೇಕ ದೇಶಗಳು ಸೂಲಗಿತ್ತಿಯರಿಗೆ ತರಬೇತಿ ನೀಡಿದವು. ಆದರೆ ತುರ್ತು ಚಿಕಿತ್ಸೆಯ ಬೆಂಬಲವಿಲ್ಲದೆ ತರಬೇತಿಯೊಂದರಿಂದಲೇ ತಾಯಂದಿರ ಸಾವು ನಿರೀಕ್ಷೆಯಷ್ಟು ಇಳಿಯಲಿಲ್ಲವಾಗಿ, ಅಂತರರಾಷ್ಟ್ರೀಯ ಸಂಸ್ಥೆಗಳು ಕ್ರಮೇಣ ವೃತ್ತಿಪರ ತರಬೇತಿ ಪಡೆದ ಸಿಬ್ಬಂದಿಯ ಕಡೆಗೆ ಒಲವು ತೋರಿದವು.

ಆಫ್ರಿಕಾದ ದೇಶಗಳು ಇದಕ್ಕೆ ಬೇರೆ ಬೇರೆ ಉತ್ತರಗಳನ್ನು ಕಂಡುಕೊಂಡವು. ದಕ್ಷಿಣ ಆಫ್ರಿಕಾದಲ್ಲಿ ಪೂರ್ವಜರ ಆತ್ಮಗಳೊಂದಿಗೆ ಮಾತಾಡಿ ರೋಗದ ಕಾರಣವನ್ನು ಹೇಳುವ ಸಾಂಗೋಮಾಗಳು, ಗಿಡಮೂಲಿಕೆ ಬಲ್ಲ ಇನ್ಯಾಂಗಾಗಳು ಮತ್ತು ಸೂಲಗಿತ್ತಿಯರು ಹಿಂದಿನಿಂದಲೂ ಇದ್ದಾರೆ. ಅಲ್ಲಿನ 2007ರ ಸಾಂಪ್ರದಾಯಿಕ ಆರೋಗ್ಯ ವೃತ್ತಿಗರ ಕಾಯಿದೆ ಇವರನ್ನು ಕಾನೂನಿನ ಚೌಕಟ್ಟಿನೊಳಗೆ ತಂದು, ಸಾಂಪ್ರದಾಯಿಕ ಸೂಲಗಿತ್ತಿಯರನ್ನು ಪ್ರತ್ಯೇಕ ವರ್ಗವಾಗಿ ಗುರುತಿಸಿತು. ಅದೇ ವರ್ಷ ಮಲಾವಿ ದೇಶ ಸಾಂಪ್ರದಾಯಿಕ ಸೂಲಗಿತ್ತಿಯರು ಹೆರಿಗೆ ಮಾಡಿಸುವುದನ್ನು ನಿಷೇಧಿಸಿತು. ಆಸ್ಪತ್ರೆಗಳು ದೂರವಿದ್ದ ಹಳ್ಳಿಗಳಲ್ಲಿ ತೊಂದರೆ ಕಂಡುಬಂದು 2010ರಲ್ಲಿ ಅಲ್ಲಿನ ಅಧ್ಯಕ್ಷರು ಈ ನಿಷೇಧವನ್ನು ಹಿಂತೆಗೆದುಕೊಂಡರು. ಒಂದು ದೇಶ ನೋಂದಣಿಯ ದಾರಿಯನ್ನು, ಇನ್ನೊಂದು ನಿಷೇಧದ ದಾರಿಯನ್ನು ಹಿಡಿದಾಗ ಭಾರತ ಎರಡನ್ನೂ ಮಾಡಲಿಲ್ಲ. ಹೆರಿಗೆಯನ್ನು ಆಸ್ಪತ್ರೆಗೆ ಸ್ಥಳಾಂತರಿಸಿ, ಸೂಲಗಿತ್ತಿಯನ್ನು ಪ್ರಶಸ್ತಿ ನೀಡಿ ಗೌರವಿಸಿತು.

ವಿಶ್ವ ಆರೋಗ್ಯ ಸಂಸ್ಥೆ 2018ರ ಫೆಬ್ರವರಿಯಲ್ಲಿ ಪ್ರಕಟಿಸಿದ ಹೆರಿಗೆ ಆರೈಕೆಯ ಶಿಫಾರಸುಗಳು ಈ ಹಿನ್ನೆಲೆಯಲ್ಲಿ ಗಮನಾರ್ಹ. ಹೆರುವ ಮಹಿಳೆಯ ಬಳಿ ಆಕೆ ಬಯಸಿದ ಸಂಗಾತಿ ಇರಬೇಕು, ನೋವಿನ ಸಮಯದಲ್ಲಿ ಓಡಾಡಲು ಮತ್ತು ನೆಟ್ಟಗಿನ ಭಂಗಿಯಲ್ಲಿರಲು ಅವಕಾಶವಿರಬೇಕು, ಹೊಕ್ಕುಳಬಳ್ಳಿಯನ್ನು ಆತುರದಿಂದ ಕಟ್ಟಬಾರದು, ಹುಟ್ಟಿದ ಮಗುವನ್ನು ತಾಯಿಯ ಮೈಗೆ ತಾಗಿಸಿ ಮಲಗಿಸಬೇಕು, ಮಹಿಳೆಯನ್ನು ಗೌರವದಿಂದ ಕಾಣಬೇಕು ಎಂಬುವು ಅವುಗಳಲ್ಲಿ ಸೇರಿವೆ. ಪರಿಚಿತ ಹೆಂಗಸೊಬ್ಬಳು ಕೊನೆಯವರೆಗೂ ಪಕ್ಕದಲ್ಲಿರುವುದು ಮತ್ತು ನೋವು ತಿನ್ನುವವಳನ್ನು ನಡೆದಾಡಿಸುವುದು ಸೂಲಗಿತ್ತಿಯರ ಮನೆಯ ಹೆರಿಗೆಯಲ್ಲಿ ಸಹಜವಾಗಿದ್ದ ಸಂಗತಿಗಳು. ಅದೇ ವರ್ಷದ ಡಿಸೆಂಬರಿನಲ್ಲಿ ಭಾರತ ಸರ್ಕಾರವೂ ವೃತ್ತಿಪರ ಶುಶ್ರೂಷಕಿಯರನ್ನು ಹೆರಿಗೆ ತಜ್ಞೆಯರಾಗಿ ತಯಾರಿಸುವ ಮಾರ್ಗಸೂಚಿಗಳನ್ನು ಹೊರತಂದಿತು.

ಪ್ರಶಸ್ತಿ ಮತ್ತು ಗೌರವಗಳು

2012 – ಕರ್ನಾಟಕ ಸರ್ಕಾರದ ಡಿ. ದೇವರಾಜ ಅರಸು ಪ್ರಶಸ್ತಿ
2013 – ಕಿತ್ತೂರು ರಾಣಿ ಚೆನ್ನಮ್ಮ ಪ್ರಶಸ್ತಿ
2013 – ಕರ್ನಾಟಕ ರಾಜ್ಯೋತ್ಸವ ಪ್ರಶಸ್ತಿ
2013 – ಭಾರತ ಸರ್ಕಾರದ ವಯೋಶ್ರೇಷ್ಠ ಸಮ್ಮಾನ
2014 – ತುಮಕೂರು ವಿಶ್ವವಿದ್ಯಾಲಯದ ಗೌರವ ಡಾಕ್ಟರೇಟ್
2018 – ಪದ್ಮಶ್ರೀ ಪ್ರಶಸ್ತಿ

2018ರ ಪದ್ಮ ಪ್ರಶಸ್ತಿಗಳ ಪಟ್ಟಿಯಲ್ಲಿ ಪ್ರಚಾರದಿಂದ ದೂರವಿದ್ದು ದುಡಿದ ಹಲವು ಸಾಮಾನ್ಯರು ಇದ್ದರು. ಕೇರಳದ ಆದಿವಾಸಿ ನಾಟಿವೈದ್ಯೆ ಲಕ್ಷ್ಮಿಕುಟ್ಟಿ ಅವರಿಗೂ ಅದೇ ವರ್ಷ ಪದ್ಮಶ್ರೀ ದೊರೆಯಿತು. ಬಾಯ್ದೆರೆಯ ವೈದ್ಯಪರಂಪರೆಯ ಇಬ್ಬರು ಹಿರಿಯ ಮಹಿಳೆಯರು ಒಂದೇ ವರ್ಷ ಈ ಗೌರವಕ್ಕೆ ಪಾತ್ರರಾದರು. ನರಸಮ್ಮನವರು ರಾಷ್ಟ್ರಪತಿ ರಾಮನಾಥ ಕೋವಿಂದ್ ಅವರಿಂದ ಪ್ರಶಸ್ತಿ ಸ್ವೀಕರಿಸಿದಾಗ ಅವರ ವಯಸ್ಸು ನೂರರ ಹತ್ತಿರವಿತ್ತು.

ಪಾವಗಡ ತಾಲ್ಲೂಕಿಗೆ ಆ ವರ್ಷ ಇನ್ನೊಂದು ಕಾರಣದಿಂದಲೂ ದೇಶದ ಗಮನ ದೊರೆಯಿತು. ನಾಗಲಮಡಿಕೆ ಹೋಬಳಿಯ ತಿರುಮಣಿ ಮತ್ತು ಸುತ್ತಲಿನ ಗ್ರಾಮಗಳ ಸುಮಾರು 13,000 ಎಕರೆ ಒಣಭೂಮಿಯಲ್ಲಿ ರೂಪುಗೊಂಡ ಸೌರ ವಿದ್ಯುತ್ ಉದ್ಯಾನದ ಮೊದಲ ಹಂತ 2018ರ ಮಾರ್ಚಿನಲ್ಲಿ ಉದ್ಘಾಟನೆಯಾಯಿತು.

ನಿಧನ

ಇಳಿವಯಸ್ಸಿನಲ್ಲಿ ನರಸಮ್ಮನವರು ದೀರ್ಘಕಾಲದ ಶ್ವಾಸಕೋಶದ ತೊಂದರೆಯಿಂದ ಬಳಲುತ್ತಿದ್ದರು. ತುಮಕೂರಿನಲ್ಲಿ ಚಿಕಿತ್ಸೆ ಪಡೆದ ನಂತರ ಅವರನ್ನು ಬೆಂಗಳೂರಿನ ಕೆಂಗೇರಿಯ ಬಿಜಿಎಸ್ ಆಸ್ಪತ್ರೆಗೆ ದಾಖಲಿಸಲಾಯಿತು. ಅಲ್ಲಿ 2018ರ ಡಿಸೆಂಬರ್ 25ರಂದು, 98ನೆಯ ವಯಸ್ಸಿನಲ್ಲಿ ಅವರು ನಿಧನರಾದರು. ಪದ್ಮಶ್ರೀ ಪ್ರಶಸ್ತಿ ಬಂದು ಒಂದು ವರ್ಷ ತುಂಬುವುದರೊಳಗೆ ಈ ಸಾವು ಸಂಭವಿಸಿತು.

ಮಹತ್ವ

ನರಸಮ್ಮನವರ ಬದುಕನ್ನು ಎರಡು ರೀತಿಯಲ್ಲಿ ವಿವೇಚಿಸಲಾಗುತ್ತದೆ. ಒಂದು, ಆಸ್ಪತ್ರೆಗಳಿಲ್ಲದ ಕಾಲದ ಕೊರತೆಯನ್ನು ತುಂಬಿದ ನಿಸ್ವಾರ್ಥ ಸೇವಕಿ ಎಂಬ ದೃಷ್ಟಿ. ಇದರ ಪ್ರಕಾರ ಆಸ್ಪತ್ರೆಗಳು ಬಂದ ಮೇಲೆ ಆ ಸೇವೆಯ ಅಗತ್ಯ ಮುಗಿಯಿತು. ಇನ್ನೊಂದು, ಅವರು ಸ್ವತಂತ್ರವಾದ ಜ್ಞಾನಶಾಖೆಯೊಂದರ ವಿದ್ವಾಂಸೆ ಎಂಬ ದೃಷ್ಟಿ. ಇದರ ಪ್ರಕಾರ ಆ ಜ್ಞಾನವನ್ನು ಪರೀಕ್ಷಿಸಿ, ಹಾನಿಕರವಾದದ್ದನ್ನು ಬಿಟ್ಟು, ಉಪಯುಕ್ತವಾದದ್ದನ್ನು ಆಧುನಿಕ ಹೆರಿಗೆ ಕೋಣೆಯೊಳಗೆ ಉಳಿಸಿಕೊಳ್ಳಬೇಕು. ವಿಶ್ವವಿದ್ಯಾಲಯವೊಂದು ಅನಕ್ಷರಸ್ಥ ಸೂಲಗಿತ್ತಿಗೆ ಡಾಕ್ಟರೇಟ್ ನೀಡಿದ್ದು ಎರಡನೆಯ ದೃಷ್ಟಿಗೆ ಸಿಕ್ಕ ಮನ್ನಣೆಯೆಂದು ಭಾವಿಸಬಹುದು.

ತಾಯಂದಿರ ಮರಣ ಇಳಿದ ಅಂಕಿಅಂಶಗಳು ಆಸ್ಪತ್ರೆ ಹೆರಿಗೆಯ ಅಗತ್ಯವನ್ನು ನಿಸ್ಸಂಶಯವಾಗಿ ತೋರಿಸಿವೆ. ಆದರೆ ಹೆರುವವಳ ಮಾತಿನಲ್ಲಿಯೇ ಮಾತಾಡುವ, ಆಕೆಯ ಮನೆಯ ಕಷ್ಟವನ್ನು ಬಲ್ಲ, ಆತುರಪಡದೆ ಪಕ್ಕದಲ್ಲಿ ಕೂರುವ ಹೆಂಗಸಿನ ಸ್ಥಾನವನ್ನು ಆಸ್ಪತ್ರೆಗಳು ತುಂಬಿಕೊಟ್ಟಿವೆಯೇ ಎಂಬ ಪ್ರಶ್ನೆಗೆ ಆ ಅಂಕಿಗಳಲ್ಲಿ ಉತ್ತರವಿಲ್ಲ. ಪಾವಗಡದ ಬರಡು ಸೀಮೆಯಲ್ಲಿ ನರಸಮ್ಮನವರು ಏಳು ದಶಕಗಳ ಕಾಲ ಆ ಸ್ಥಾನದಲ್ಲಿದ್ದರು. ಅವರ ಕೈಯಲ್ಲಿ ಹುಟ್ಟಿದವರು ಆ ಸೀಮೆಯ ಅನೇಕ ಹಳ್ಳಿಗಳಲ್ಲಿ ಇಂದು ಅಜ್ಜ ಅಜ್ಜಿಯರಾಗಿದ್ದಾರೆ.